ಬೇಲಿಯ ಮೇಲಿನ ಅನ್ನ

ಆ ದಿನ ಬೆಳಗ್ಗೆ ಹೀಟರಿನ ಸದ್ದಿಗೆ ಎಚ್ಚರವಾಯಿತು. ನೆಲದ ಜಾಲರಿಗಳಿಂದ ಬಿಸಿ ಗಾಳಿ ಮೇಲೇಳುವ ಮುಂಚೆ ಎಲ್ಲೋ ತಗಡು ಬಾಗಿದಂತೆ ಎರಡು ಸಲ ಟಕ್ ಟಕ್ ಅನ್ನುತ್ತದೆ. ಮೆಲ್ಬರ್ನಿನ ಚಳಿಗಾಲದಲ್ಲಿ ಅದೇ ನನ್ನ ಅಲಾರಂ. ಎದ್ದು ತಲೆಗೆ ನೀರು ಹಾಕಿಕೊಂಡೆ. ಒದ್ದೆ ಕೂದಲಿಗೆ ಟವೆಲ್ ಸುತ್ತಿಕೊಂಡೇ ಮಗಳ ಲಂಚ್ ಬಾಕ್ಸಿಗೆ ಸ್ಯಾಂಡ್‌ವಿಚ್ ಕತ್ತರಿಸಿದೆ, ಯಜಮಾನರಿಗೆ ಉಪ್ಪಿಟ್ಟು ಮಾಡಿದೆ. ನನಗೆ ಮಾತ್ರ ಅರ್ಧ ಲೋಟ ಕಾಫಿ. ಅಂದು ಅಮ್ಮನ ತಿಥಿ. ಅಮ್ಮನ ಹೆಸರಿನಲ್ಲಿ ಇಟ್ಟ ಅನ್ನವನ್ನು ಕಾಗೆ ಮುಟ್ಟುವವರೆಗೆ ನಾನು ಊಟ ಮಾಡುವುದಿಲ್ಲ.

ಯಜಮಾನರು ಶೂ ಲೇಸು ಕಟ್ಟುತ್ತಾ ಹಿಂಬಾಗಿಲ ಗಾಜಿನ ಕಡೆ ನೋಡಿದರು.

"ಇವತ್ತೂ ಅಲ್ಲೇ ಇಡ್ತೀಯಾ?"

"ಅಲ್ಲೇ ಅಲ್ವಾ ಇಡೋದು."

"ಪಕ್ಕದ ಮನೆಯವನು ರೆಕಾರ್ಡ್ ಮಾಡ್ತಾನೆ ಕಣೇ. ಆಮೇಲೆ ಇಲಿ ಗಿಲಿ ಅಂತ ಬಂದು ಬಾಗಿಲು ತಟ್ಟಿದ್ರೆ ನೀನೇ ಮಾತಾಡ್ಬೇಕು. ನಾನು ಆಫೀಸಲ್ಲಿರ್ತೀನಿ."

"ಮಾತಾಡ್ತೀನಿ ಬಿಡಿ. ನಿಮ್ಮಷ್ಟು ಜೋರಾಗಿ ಅಲ್ಲ, ಅಷ್ಟೇ."

ಒಂಬತ್ತು ವರ್ಷದ ಮಗಳು ಸ್ಕೂಲ್ ಬ್ಯಾಗ್ ಹೆಗಲಿಗೇರಿಸಿಕೊಂಡು ಗಾಜಿನ ಬಾಗಿಲಿಗೆ ಮೂಗು ಒತ್ತಿ, ಪಕ್ಕದ ಮನೆಯ ಸೂರಿನತ್ತ ಕೈ ಬೀಸಿದಳು. "ಗುಡ್ ಮಾರ್ನಿಂಗ್, ಮಿಸ್ಟರ್ ಕ್ಯಾಮೆರಾ." ದಿನವೂ ಹೀಗೆಯೇ. ಅವಳ ಉಸಿರಿನಿಂದ ಗಾಜಿನ ಮೇಲೆ ಬಿಲ್ಲೆಯಷ್ಟು ಮಂಜು ಕಟ್ಟಿಕೊಂಡು, ಅವಳು ಹೋದ ಮೇಲೂ ಸ್ವಲ್ಪ ಹೊತ್ತು ಹಾಗೇ ಇತ್ತು.

ಈ ಕ್ಯಾಮೆರಾದ ಕತೆ ಹೇಳಬೇಕಾದರೆ ಪಕ್ಕದ ಮನೆಯವರ ಬಗ್ಗೆ ಹೇಳಬೇಕು. ಎಪ್ಪತ್ತು ದಾಟಿದವರು, ಒಬ್ಬರೇ ಇದ್ದರು. ಯೂರೋಪಿನ ಯಾವುದೋ ದ್ವೀಪದಿಂದ ಚಿಕ್ಕ ವಯಸ್ಸಿನಲ್ಲೇ ಹಡಗು ಹತ್ತಿ ಬಂದು, ಡ್ಯಾಂಡಿನಾಂಗಿನ ಕಾರ್ಖಾನೆಯೊಂದರಲ್ಲಿ ಜೀವಮಾನವಿಡೀ ದುಡಿದು ನಿವೃತ್ತರಾದವರು. ನಾವು ಈ ಮನೆಗೆ ಬಂದ ವಾರದಲ್ಲೇ ಬೇಲಿಯ ಮೇಲಿಂದ ಒಂದು ಚೀಲ ನಿಂಬೆಹಣ್ಣು ದಾಟಿಸಿದ್ದರು. ಆಗ ಅವರ ಹೆಂಡತಿ ಬದುಕಿದ್ದರು. ನಾನು ದೀಪಾವಳಿಗೆ ಚಕ್ಕುಲಿ ಕೊಟ್ಟೆ. ಮುದುಕರಿಗೆ ಹಲ್ಲಿಗೆ ಗಟ್ಟಿಯಾಯಿತೇನೋ, ಮರುದಿನ ಅವರ ಹೆಂಡತಿ ಬಂದು ಅದನ್ನು ಸೂಪಿನಲ್ಲಿ ನೆನೆಸಿ ತಿಂದೆವೆಂದು ಸಂತೋಷದಿಂದ ಹೇಳಿ ಹೋದರು. ಅವರು ನನ್ನನ್ನು ಹೆಸರು ಹಿಡಿದು ಕರೆಯಲಿಲ್ಲ, ಉಚ್ಚರಿಸಲು ಬರುತ್ತಿರಲಿಲ್ಲ. "ಮಿಸಸ್" ಎಂದಷ್ಟೇ ಅನ್ನುತ್ತಿದ್ದರು. ಗಂಡನೂ ಅದನ್ನೇ ಕಲಿತರು.

ಹೆಂಡತಿ ತೀರಿಕೊಂಡ ಮೇಲೆ ಅವರ ಹಿತ್ತಲಿನ ಶೆಡ್ಡಿಗೆ ಕಳ್ಳರು ನುಗ್ಗಿ ಹತ್ಯಾರುಗಳನ್ನೆಲ್ಲ ಹೊತ್ತೊಯ್ದರು. ಅದಾಗಿ ಒಂದು ವಾರಕ್ಕೆ ಸೂರಿನ ಕೆಳಗೆ ಕ್ಯಾಮೆರಾ ಬಂತು. ಗಂಡಸಿನ ಮುಷ್ಟಿಯಷ್ಟು ದಪ್ಪ, ಬಿಳಿ ಬಣ್ಣ, ಒಂದು ಕೆಂಪು ದೀಪ. ಶೆಡ್ಡು ನಮ್ಮಿಬ್ಬರ ನಡುವಿನ ಬೇಲಿಗೆ ಅಂಟಿಕೊಂಡೇ ಇದ್ದುದರಿಂದ ಅದನ್ನು ನೋಡುವ ಕಣ್ಣು ಬೇಲಿಯನ್ನೂ, ನಮ್ಮ ಅರ್ಧ ಹಿತ್ತಲನ್ನೂ, ಕೊಡೆಯ ಹಾಗೆ ತಿರುಗುವ ನಮ್ಮ ಬಟ್ಟೆ ಹಗ್ಗವನ್ನೂ ನೋಡುತ್ತಿತ್ತು.

ಯಜಮಾನರು ಬೇಲಿಯ ಹತ್ತಿರ ನಿಂತು ಕೇಳಿದ್ದು ನನಗೆ ಅಡುಗೆಮನೆಗೆ ಕೇಳಿಸಿತ್ತು.

"ನಿಮ್ಮ ಕ್ಯಾಮೆರಾ ನಮ್ಮ ಹಿತ್ತಲನ್ನ ನೋಡ್ತಿದೆ."

"ಅದು ನನ್ನ ಶೆಡ್ ನೋಡ್ತಿದೆ. ನಿಮ್ಮ ಹಿತ್ತಲು ಅದರ ಹಿಂದೆ ಇದ್ರೆ ನಾನೇನು ಮಾಡ್ಲಿ? ಶೆಡ್ ಎತ್ತಿ ಆ ಕಡೆ ಇಡ್ಲಾ?"

"ನನ್ನ ಹೆಂಡತಿ ಬಟ್ಟೆ ಒಣಗಿಸೋ ಜಾಗ ಅದು."

"ನನ್ನ ಹೆಂಡತಿಯೂ ನಲವತ್ತು ವರ್ಷ ಬಟ್ಟೆ ಒಣಗಿಸಿದ್ಲು ಮೇಟ್. ಬಟ್ಟೆ ನೋಡೋಕೆ ನಾನು ಕ್ಯಾಮೆರಾ ತರ್ತೀನಾ?" ಅಷ್ಟಕ್ಕೇ ಬಿಡದೆ ಇನ್ನೊಂದು ಮಾತು ಸೇರಿಸಿದರು. "ನೀವು ಬೇಲಿ ಮೇಲೆ ಅನ್ನ ಇಡ್ತೀರಿ. ಕಳೆದ ವರ್ಷ ಕಣ್ಣಾರೆ ನೋಡಿದೀನಿ. ಅದಕ್ಕೇ ನನ್ನ ಶೆಡ್ಡಲ್ಲಿ ಇಲಿ."

"ವರ್ಷಕ್ಕೆ ಒಂದು ದಿನ ಇಡ್ತಾಳೆ!"

"ಇಲಿ ಹತ್ರ ಕ್ಯಾಲೆಂಡರ್ ಇರಲ್ಲ."

ಕೌನ್ಸಿಲ್ಲಿಗೆ ಫೋನ್ ಮಾಡಿದರೆ, ನೀವು ನೀವೇ ಕೂತು ಮಾತಾಡಿಕೊಳ್ಳಿ ಎಂದರು. ಕೂತು ಮಾತಾಡುವ ಹಾಗಿದ್ದರೆ ಫೋನ್ ಯಾಕೆ ಮಾಡುತ್ತಿದ್ದೆವು. ಯಜಮಾನರು ಬಿದಿರಿನ ತಡಿಕೆ ಕಟ್ಟುತ್ತೇನೆಂದರು, ಮುದುಕರು ಬೇಲಿ ಎತ್ತರವಾದರೆ ನನ್ನ ಟೊಮೇಟೊಗೆ ಬಿಸಿಲು ಬೀಳುವುದಿಲ್ಲ ಎಂದರು. ನಿಂಬೆಹಣ್ಣು ನಿಂತಿತು. ಎಂಟು ತಿಂಗಳು ಎರಡು ಮನೆಯವರೂ ಕಸದ ಬಿನ್ ಎಳೆದುಕೊಂಡು ಎದುರಾದಾಗ ಬಿನ್ನಿನ ಮುಚ್ಚಳವನ್ನೇ ನೋಡುತ್ತಿದ್ದೆವು.

ನನಗೆ ಸಿಟ್ಟು ಬಂದಿತ್ತೆಂದು ಹೇಳಲಾರೆ. ಮೈಸೂರಿನ ನಮ್ಮ ಕಾನ್ವೆಂಟಿನಲ್ಲಿ ಸಿಸ್ಟರ್ ಒಬ್ಬರು, ಯಾರೂ ನೋಡದಿದ್ದಾಗ ನೀವು ಹೇಗೆ ಕೂರುತ್ತೀರೋ ಅದೇ ನಿಮ್ಮ ನಿಜವಾದ ನಡತೆ ಎಂದು ಹೇಳಿಕೊಟ್ಟಿದ್ದರು. ಅಂದಿನಿಂದ ಒಬ್ಬಳೇ ಇದ್ದಾಗಲೂ ಮಂಡಿ ಕೂಡಿಸಿ, ಬೆನ್ನು ನೆಟ್ಟಗಿಟ್ಟು ಕೂರುವವಳು ನಾನು. ಕ್ಯಾಮೆರಾ ಬಂದ ಮೇಲೆ ಒಳಬಟ್ಟೆಗಳನ್ನು ಮನೆಯೊಳಗಿನ ಲಾಂಡ್ರಿ ಕೋಣೆಯಲ್ಲೇ ಒಣಹಾಕುತ್ತಿದ್ದೆ, ಹಗ್ಗದ ಹೊರ ಸುತ್ತಿಗೆ ಬೆಡ್‌ಶೀಟು ಹರವುತ್ತಿದ್ದೆ. ನನ್ನದೇ ಹುಲ್ಲಿನ ಮೇಲೆ ಪ್ರಾರ್ಥನೆಯ ಸಾಲಿನಲ್ಲಿ ನಡೆದಂತೆ ನಡೆಯುತ್ತಿದ್ದೆ. ಆ ನಡತೆಯಲ್ಲಿ ಎಲ್ಲಿ ತಪ್ಪು ಸಿಗುತ್ತದೆಂದು ಆ ಕೆಂಪು ದೀಪ ಕಾಯುತ್ತಿದೆ ಅನ್ನಿಸುತ್ತಿತ್ತು.

ಅನ್ನವನ್ನು ಬೇರೆ ಕಡೆ ಇಡಬಹುದಿತ್ತಲ್ಲ ಎಂದು ಯಾರಾದರೂ ಕೇಳಬಹುದು. ಪಿತೃಗಳ ದಿಕ್ಕು ದಕ್ಷಿಣ, ನಮ್ಮ ದಕ್ಷಿಣಕ್ಕಿದ್ದದ್ದು ಅವರ ಬೇಲಿ. ಇನ್ನೂ ಒಂದು ಕಾರಣವಿತ್ತು, ಅದನ್ನು ಯಜಮಾನರಿಗೂ ಸರಿಯಾಗಿ ಹೇಳಿರಲಿಲ್ಲ.

ಅಮ್ಮ ಹೋದಾಗ ನಾವು ಸಿಡ್ನಿಯಲ್ಲಿ, ಬ್ಲ್ಯಾಕ್‌ಟೌನಿನ ಎರಡನೇ ಮಹಡಿಯ ಯೂನಿಟ್ಟಿನಲ್ಲಿದ್ದೆವು. ಪಿಆರ್, ಅಂದರೆ ಇಲ್ಲೇ ಕಾಯಂ ನೆಲೆಸುವ ಅರ್ಜಿ, ಮಧ್ಯದಲ್ಲಿತ್ತು. ಈಗ ದೇಶ ಬಿಟ್ಟು ಹೋದರೆ ವಾಪಸು ಬರುವುದು ಕಷ್ಟ, ಅರ್ಜಿಯೂ ಬಿದ್ದುಹೋಗಬಹುದು ಎಂದು ವೀಸಾ ಏಜೆಂಟರು ಅಂದರು. ಅಮ್ಮ ಆಸ್ಪತ್ರೆಯಲ್ಲಿ ಹದಿನೈದು ದಿನ ಇದ್ದಳು, ಬಾಗಿಲ ಕಡೆಯೇ ನೋಡುತ್ತಿದ್ದಳಂತೆ. ನಾನು ಹೋಗಲಿಲ್ಲ. ಅಣ್ಣನೇ ಎಲ್ಲವನ್ನೂ ಮಾಡಿದ.

ಮೊದಲ ವರ್ಷದ ತಿಥಿಗೆ ಅಲ್ಲಿ ಮೈಸೂರಿನಲ್ಲಿ ಅಣ್ಣ ಶ್ರಾದ್ಧ ಮಾಡಿದ. "ಮದುವೆಯಾಗಿ ಹೋದೋಳು ನೀನು ಇಡ್ಬೇಕಿಲ್ಲ ಕಣೆ," ಎಂದು ಫೋನಿನಲ್ಲಿ ಅಂದಿದ್ದ. ನಾನು ಕೇಳಲಿಲ್ಲ. ರೈಲಿನಲ್ಲಿ ಹ್ಯಾರಿಸ್ ಪಾರ್ಕಿನ ಇಂಡಿಯನ್ ಅಂಗಡಿಗೆ ಹೋಗಿ ಕರಿ ಎಳ್ಳು ತಂದೆ, ಅನ್ನ ಬೇಯಿಸಿ ತುಪ್ಪ ಹಾಕಿ ಉಂಡೆ ಕಟ್ಟಿ ಬಾಲ್ಕನಿಯ ಕಟ್ಟೆಯ ಮೇಲಿಟ್ಟೆ. ಕಾಗೆ ಬಂತು. ಇಲ್ಲಿನ ಕಾಗೆಗಳ ಕಣ್ಣು ಬಿಳಿ, ಕೂಗು ಕೊನೆಗೆ ಎಳೆದೆಳೆದು ಮಗು ಅತ್ತಂತೆ ಕೇಳಿಸುತ್ತದೆ. ಅದು ಅನ್ನವನ್ನು ನೋಡಿತು, ಗಾಜಿನ ಈಚೆ ನಿಂತಿದ್ದ ನನ್ನನ್ನು ನೋಡಿತು, ಮುಟ್ಟದೆ ಹಾರಿಹೋಯಿತು. ಮೂರು ಸಲ ಹಾಗೆಯೇ ಆಯಿತು. ಸಾಯಂಕಾಲದವರೆಗೆ ಕಾದೆ. ಕೊನೆಗೆ ದರ್ಭೆಯ ಬದಲು ಕೆಳಗಿನ ಹುಲ್ಲುಹಾಸಿನ ಒಂದು ಎಸಳು ಕಿತ್ತು ತಂದು ಅನ್ನಕ್ಕೆ ಮುಟ್ಟಿಸಿ ಒಳಗೆ ತೆಗೆದುಕೊಂಡೆ. ಅಮ್ಮನಿಗೆ ನನ್ನ ಮೇಲೆ ಕೋಪವಿದೆ ಎಂಬುದು ಅಂದು ನನಗೆ ಖಾತ್ರಿಯಾಯಿತು.

ಮರುವರ್ಷ ಮೆಲ್ಬರ್ನಿಗೆ ಬಂದೆವು. ಇಲ್ಲಿನ ಮೊದಲ ತಿಥಿಗೆ ಬೇಲಿಯ ಅಗಲವಾದ ಕಂಬದ ಮೇಲೆ ಬಾಳೆಲೆಯ ತುಂಡಿನಲ್ಲಿ ಉಂಡೆ ಇಟ್ಟು ಒಳಗೆ ಬಂದೆ. ಒಲೆ ಕಡೆ ತಿರುಗಿ ಮತ್ತೆ ನೋಡುವಷ್ಟರಲ್ಲಿ ಎಲೆ ಖಾಲಿ. ಮಾರನೇ ವರ್ಷ ಹಾಗೆಯೇ, ಅದರಾಚೆ ವರ್ಷವೂ. ಒಂದು ಅಗುಳೂ ಉಳಿಯುತ್ತಿರಲಿಲ್ಲ. ಕಾಗೆಯನ್ನು ಮಾತ್ರ ನಾನು ಒಮ್ಮೆಯೂ ನೋಡಿರಲಿಲ್ಲ. ಪ್ರತಿ ಸಲವೂ ಹಾಲು ಉಕ್ಕುತ್ತಿತ್ತು, ಇಲ್ಲವೇ ಏನೋ ಒಂದಕ್ಕೆ ಕಣ್ಣು ಆಚೆ ಹೋಗುತ್ತಿತ್ತು. ಆದರೂ ಆ ಖಾಲಿ ಎಲೆಯ ಮೇಲೆ ನಾನು ವರ್ಷವಿಡೀ ನೆಮ್ಮದಿಯಿಂದ ಬದುಕುತ್ತಿದ್ದೆ. ಆ ಕಂಬ ಬಿಟ್ಟು ಬೇರೆಡೆ ಇಟ್ಟರೆ ಅಮ್ಮ ಹುಡುಕಬೇಕಾದೀತು ಎಂಬ ಹೆದರಿಕೆ.

ಅದರ ಜೊತೆಗೆ ಈ ಸಲ ಇನ್ನೊಂದು ಹೆದರಿಕೆ. ಮುದುಕರು ಇಲಿ ಎಂದಿದ್ದರಲ್ಲ. ತಿಂದದ್ದು ಇಲಿಯೇ ಆಗಿದ್ದರೆ? ಈಗ ಅದನ್ನು ನೋಡಬಲ್ಲ ಕಣ್ಣೊಂದು ಅಲ್ಲೇ ಸೂರಿನ ಕೆಳಗಿತ್ತು.

ಮಗಳೂ ಯಜಮಾನರೂ ಹೋದ ಮೇಲೆ ಅಡುಗೆಗೆ ಕೂತೆ. ಅನ್ನ, ಹೆಸರುಬೇಳೆ ಪಾಯಸ, ಉದ್ದಿನ ವಡೆ, ಸಿಹಿಗುಂಬಳದ ಪಲ್ಯ. ಪಲ್ಯ ಅಮ್ಮನಿಗೆ ಇಷ್ಟ. ಅಮ್ಮ ಯಾವಾಗಲೂ ಎಲ್ಲರದ್ದೂ ಆದ ಮೇಲೆ, ಅಡುಗೆಮನೆಯ ಮೂಲೆಯಲ್ಲಿ, ಬಾಗಿಲಿಗೆ ಬೆನ್ನು ಹಾಕಿ, ನಿಂತುಕೊಂಡೇ ಊಟ ಮಾಡುತ್ತಿದ್ದಳು. ಏಕೆಂದರೆ ಅಮ್ಮ ಎಡಚಿ. ಎಡಗೈಯಲ್ಲಿ ಉಂಡರೆ ಮನೆಗೆ ಶ್ರೇಯಸ್ಸಲ್ಲ ಎಂದು ಅಜ್ಜಿ, ಅಂದರೆ ಅವಳ ಅತ್ತೆ, ಮದುವೆಯಾದ ಹೊಸದರಲ್ಲೇ ತಾಕೀತು ಮಾಡಿದ್ದರು. ಪಂಕ್ತಿಯಲ್ಲಿ ಕೂತಾಗ ಬಲಗೈಯಲ್ಲಿ ಎರಡು ತುತ್ತು ಉಂಡು ಎದ್ದುಬಿಡುತ್ತಿದ್ದಳು. ಹೊಟ್ಟೆ ತುಂಬ ಉಣ್ಣುತ್ತಿದ್ದದ್ದು ಆ ಮೂಲೆಯಲ್ಲಿ, ಎಡಗೈಯಲ್ಲಿ. ನಾನೊಮ್ಮೆ ನೀರು ಕುಡಿಯಲು ಒಳಗೆ ಹೋದಾಗ ಅವಳ ಮೊಣಕೈ ಮೇಲೆ ಕೆಳಗೆ ಆಡುವುದನ್ನು ಹಿಂದಿನಿಂದ ನೋಡಿ ನಿಂತುಬಿಟ್ಟೆ. ತಿರುಗಿ ನೋಡದೆಯೇ ಅಂದಳು: "ನೋಡ್ಬೇಡ್ವೇ. ಆ ಕಡೆ ತಿರುಗು." ತಿರುಗಿದೆ. ಅಣ್ಣನಿಗೂ ಇದು ಗೊತ್ತಿರಲಿಲ್ಲ. ನಾನೂ ಯಾರಿಗೂ ಹೇಳಲಿಲ್ಲ.

ಹನ್ನೆರಡಕ್ಕೆ ಐದು ನಿಮಿಷವಿತ್ತು. ಡ್ಯಾಂಡಿನಾಂಗಿನ ಅಂಗಡಿಯಿಂದ ತಂದ ಫ್ರೋಜನ್ ಬಾಳೆಲೆಯನ್ನು ಬಿಸಿನೀರಿನಲ್ಲಿ ಸಡಿಲಿಸಿ, ಅಂಗೈಯಗಲ ಕತ್ತರಿಸಿ, ಉಂಡೆಯ ಪಕ್ಕದಲ್ಲಿ ಚೂರು ವಡೆ, ಚೂರು ಪಲ್ಯ ಇಟ್ಟೆ. ಸೀರೆಯ ಮೇಲೆ ಹಸಿರು ಸ್ವೆಟರ್ ಹಾಕಿಕೊಂಡು, ಹಿತ್ತಲಿನ ಚಪ್ಪಲಿ ಮೆಟ್ಟಿಕೊಂಡು ಹೊರಗೆ ಹೋದೆ. ಬಿಸಿಲು ಬಂದಿದ್ದರೂ ಬೇಲಿಯ ನೆರಳಿನಲ್ಲಿ ಹುಲ್ಲು ಇನ್ನೂ ಒದ್ದೆ. ಅನ್ನ ಕಂಬದ ಮೇಲಿಟ್ಟು ಕಾ ಕಾ ಎಂದು ಮೆಲ್ಲಗೆ ಕರೆದೆ. ಕ್ಯಾಮೆರಾದ ಕೆಂಪು ದೀಪ ಹಗಲಿನಲ್ಲೂ ಕಾಣುತ್ತಿತ್ತು. ಅದರ ಎದುರಿಗೆ ಕಾ ಕಾ ಅನ್ನಲು ನಾಚಿಕೆಯಾಯಿತು.

ಒಳಗೆ ಬಂದು ಚಪ್ಪಲಿಯನ್ನು ಬಾಗಿಲ ಪಕ್ಕದ ಮ್ಯಾಟಿನ ಮೇಲೆ, ಗೋಡೆ ಕಡೆ ಮುಖ ಮಾಡಿ ಜೋಡಿಸಿಟ್ಟೆ. ಅದು ನನ್ನ ಅಭ್ಯಾಸ. ಊಟದ ಮೇಜಿನ ಕುರ್ಚಿಯನ್ನು ಗಾಜಿನ ಬಾಗಿಲ ಎದುರಿಗೆ ಎಳೆದುಕೊಂಡು, ಫೋನಿನ ರಿಸೀವರ್ ತೆಗೆದು ಕೆಳಗಿಟ್ಟು, ಒಲೆಯನ್ನೆಲ್ಲ ಆರಿಸಿ ಕೂತೆ. ಈ ಸಲ ಕಣ್ಣು ತೆಗೆಯಬಾರದು. ಏನೇ ಬರಲಿ, ಕಾಗೆಯೋ ಇಲಿಯೋ, ನೋಡಿಯೇಬಿಡಬೇಕು.

ಬಹಳ ನಿಶ್ಶಬ್ದವಾಗಿತ್ತು. ಹೀಟರ್ ನಿಂತಿತ್ತು. ಸಿಂಕಿನಲ್ಲಿ ಒಂದು ಹನಿ ಬಿತ್ತು. ಎಲೆಯ ಒಂದು ಅಂಚು ಗಾಳಿಗೆ ಎದ್ದು ಮತ್ತೆ ಮಲಗಿತು. ಉಂಡೆಯ ಮೇಲಿನ ಎಳ್ಳಿನ ಕಾಳುಗಳು ಅಷ್ಟು ದೂರದಿಂದಲೂ ಒಂದೊಂದಾಗಿ ಕಾಣುತ್ತಿವೆ ಅನ್ನಿಸಿತು. ಇನ್ನೊಂದು ಹನಿ ಬೀಳಲೆಂದು ಕಾದೆ.

ಎಲೆ ಖಾಲಿಯಾಗಿತ್ತು.

ನಾನು ಕಣ್ಣು ತೆಗೆದಿರಲಿಲ್ಲ. ಒಮ್ಮೆ ರೆಪ್ಪೆ ಬಡಿದಿರಬಹುದು, ಅಷ್ಟೇ. ಹಕ್ಕಿಯ ರೆಕ್ಕೆ ಇಲ್ಲ, ಸದ್ದಿಲ್ಲ. ಗಡಿಯಾರ ಹನ್ನೆರಡೂಕಾಲು ದಾಟಿತ್ತು. ಇಪ್ಪತ್ತು ನಿಮಿಷ ಎಲ್ಲಿ ಹೋಯಿತು? ಉಪವಾಸಕ್ಕೆ ತೂಕಡಿಸಿರಬೇಕು ಎಂದುಕೊಂಡೆ. ಆದರೆ ಬೆನ್ನು ನೆಟ್ಟಗೇ ಇತ್ತು, ಮಂಡಿ ಕೂಡಿಕೊಂಡೇ ಇದ್ದವು.

ಏನೇ ಆಗಲಿ, ಅಮ್ಮ ತೆಗೆದುಕೊಂಡಿದ್ದಳು. ರಿಸೀವರ್ ಎತ್ತಿ ಯಜಮಾನರಿಗೆ ಫೋನ್ ಮಾಡಿದೆ.

"ತಗೊಂಡ್ತು ರೀ."

"ಕಾಗೆ ನೋಡಿದ್ಯಾ?"

"ಇಲ್ಲ. ಈ ಸಲಾನೂ ತಪ್ಪಿಹೋಯ್ತು."

"ಹೋಗ್ಲಿ ಬಿಡು, ತಗೊಂಡ್ತಲ್ಲ. ಈಗ್ಲಾದ್ರೂ ಊಟ ಮಾಡು."

ತಟ್ಟೆಗೆ ಬಡಿಸಿಕೊಂಡೆ. ಒಂದು ತುತ್ತು ಬಾಯಿಗಿಟ್ಟರೆ ಇಳಿಯಲೊಲ್ಲದು. ಬೆಳಗ್ಗಿನಿಂದ ಅರ್ಧ ಲೋಟ ಕಾಫಿಯ ಮೇಲಿದ್ದವಳಿಗೆ ಹಸಿವೇ ಇರಲಿಲ್ಲ. ಸಂತೋಷಕ್ಕೆ ಹಾಗಾಗಿರಬೇಕು. ಕೈ ತೊಳೆಯಲು ಹೋದಾಗ ಎಡಗೈ ಬೆರಳ ತುದಿಗಳು ತುಪ್ಪದಿಂದ ಹೊಳೆಯುತ್ತಿದ್ದುವು. ಉಂಡೆ ಕಟ್ಟುವಾಗ ಎರಡೂ ಕೈ ಹಾಕಿದ್ದೆನೇನೋ. ನೆಲ ಒರೆಸುವಾಗ ಇನ್ನೊಂದು ಕಂಡಿತು. ಚಪ್ಪಲಿಗಳು ಮ್ಯಾಟಿನ ಮೇಲಿರಲಿಲ್ಲ. ಅರ್ಧ ಅಡಿ ಈಚೆ, ಟೈಲ್ಸಿನ ಮೇಲೆ, ಮನೆಯ ಒಳಗೆ ಮುಖ ಮಾಡಿ ಬಿದ್ದಿದ್ದುವು. ಅವುಗಳ ಕೆಳಗೆ ನೀರು, ಒಂದು ಹುಲ್ಲಿನ ಎಸಳು. ಒರೆಸಿದೆ. ಮತ್ತೆ ಗೋಡೆ ಕಡೆ ತಿರುಗಿಸಿಟ್ಟೆ.

ಮೂರೂವರೆಗೆ ಮಗಳನ್ನು ಕರೆದುಕೊಂಡು ಬಂದೆ. ವಡೆಗೆ ಟೊಮೇಟೊ ಸಾಸ್ ಹಾಕಿಕೊಂಡು ತಿಂದಳು. "ಡಿಡ್ ಅಜ್ಜಿ ಈಟ್?" ಎಂದು ಕೇಳಿದಳು.

"ಹೂಂ ಪುಟ್ಟಿ. ಪೂರ್ತಿ ಖಾಲಿ ಮಾಡಿದ್ಲು."

"ದೆನ್ ವೈ ಆರ್ ಯು ಸ್ಯಾಡ್?"

"ಸ್ಯಾಡ್ ಇಲ್ಲಮ್ಮ," ಎಂದೆ. ಅವಳು ಗಾಜಿನ ಬಾಗಿಲಿನತ್ತ ಹೋಗಿ ಎಂದಿನಂತೆ ಕೈ ಎತ್ತಿದವಳು, ಹಾಗೇ ಇಳಿಸಿದಳು. "ಅಮ್ಮಾ, ಇಟ್ಸ್ ನಾಟ್ ಲುಕಿಂಗ್ ಎನಿಮೋರ್."

ನಿಜ. ಕ್ಯಾಮೆರಾ ಪೂರ್ತಿ ಆ ಕಡೆಗೆ, ಅವರದೇ ಡ್ರೈವ್‌ವೇ ಕಡೆಗೆ ತಿರುಗಿತ್ತು. ಸೂರಿಗೆ ಒರಗಿಸಿದ ಏಣಿ ಇನ್ನೂ ಅಲ್ಲೇ ಇತ್ತು. ಎಂಟು ತಿಂಗಳು ಜಗಳವಾಡಿದರೂ ಅಲುಗದೆ ಇದ್ದದ್ದು, ಯಾರೂ ಏನೂ ಹೇಳದೆ ತಿರುಗಿಕೊಂಡಿತ್ತು. ನನಗೆ ನಿರಾಳವಾಗಬೇಕಿತ್ತು. ಅದರ ಬದಲು ಎಲೆ ಖಾಲಿಯಾಗಿದ್ದ ಕಂಬವನ್ನೇ ಮತ್ತೆ ನೋಡಿದೆ.

ಐದಕ್ಕೆಲ್ಲ ಕತ್ತಲೆ ಇಳಿಯುವ ಕಾಲ. ಬೆಳಕು ಆರುವ ಮುಂಚೆ ಬಟ್ಟೆ ತೆಗೆಯೋಣವೆಂದು ಬುಟ್ಟಿ ಹಿಡಿದು ಹೊರಗೆ ಹೋದೆ. ಬೆಡ್‌ಶೀಟಿನ ಕ್ಲಿಪ್ಪು ಬಿಚ್ಚುತ್ತಿದ್ದಾಗ ಬೇಲಿಯಾಚೆ ಕೆಮ್ಮು ಕೇಳಿಸಿತು. ಉಣ್ಣೆಯ ಟೋಪಿಯ ಕೆಳಗೆ ಅವರ ಮುಖ ಕಂಡಿತು. ಕೈಯಲ್ಲಿ ನಿಂಬೆಹಣ್ಣಿನ ಚೀಲ.

"ಮಿಸಸ್, ತಗೊಳ್ಳಿ. ಈ ವರ್ಷ ರಸ ಜಾಸ್ತಿ."

"ಥ್ಯಾಂಕ್ಯೂ. ನೀವು ಕ್ಯಾಮೆರಾ…"

"ತಿರುಗಿಸಿದೆ. ನಿಮ್ಮ ಯಜಮಾನರಿಗೆ ಹೇಳಿ, ಬಿದಿರು ಗಿದಿರು ಏನೂ ಬೇಡ. ಇಲಿ ಅಂದಿದ್ದೂ ನಂದೇ ತಪ್ಪು. ಇವತ್ತು ಮಧ್ಯಾಹ್ನ ಟೇಪ್ ಹಾಕ್ಕೊಂಡು ನೋಡಿದೆ. ನೋಡಿದ ಮೇಲೆ ನಂಗೇ ಒಂಥರಾ ಆಯ್ತು. ಬೇರೆಯವರ ಮನೆ ವಿಷಯ, ನೋಡಬಾರದಿತ್ತು."

ಇಲಿಯಲ್ಲ. ಹಾಗಾದರೆ ಕಾಗೆಯೇ. ಚೀಲ ತೆಗೆದುಕೊಳ್ಳಲು ಬಲಗೈ ಚಾಚಿ ಕೇಳಿದೆ: "ಯಾವ ಹಕ್ಕಿ ಬಂದಿತ್ತು? ಕಪ್ಪಗಿತ್ತಾ?"

"ಹಕ್ಕಿನಾ?" ಅವರು ನಕ್ಕರು. "ಯಾವ ಹಕ್ಕಿನೂ ಬರ್ಲಿಲ್ಲ. ನೀವೇ ಅಲ್ವಾ ಮಿಸಸ್, ಇಟ್ಟು ಒಳಗೆ ಹೋಗಿ, ಐದು ನಿಮಿಷ ಬಿಟ್ಟು ಮತ್ತೆ ಬಂದು, ನಮ್ಮ ಕಡೆ ಬೆನ್ನು ಹಾಕಿ ನಿಂತ್ಕೊಂಡು ನಿಧಾನವಾಗಿ ಪೂರ್ತಿ ತಿಂದಿದ್ದು?" ಚೀಲವನ್ನು ನನ್ನ ಕೈಗೆ ದಾಟಿಸಿ, ಏಣಿ ತೆಗೆಯಲು ಆ ಕಡೆ ತಿರುಗುತ್ತಾ ಇನ್ನೊಂದು ಮಾತು ಅಂದರು. "ನೀವು ಎಡಚರು ಅಂತ ಇಷ್ಟು ವರ್ಷ ನಂಗೆ ಗೊತ್ತೇ ಇರ್ಲಿಲ್ಲ ನೋಡಿ."